ನೋಟವೂ ಒಂದು ವಾದ

ಹಳ್ಳಿಯ ಬದುಕಿನ ಬಗ್ಗೆ ಸ್ವತಂತ್ರ ನಿರ್ದೇಶಕರು ಮಾಡಿದ ಚಿತ್ರವೊಂದು ಮನಸ್ಸಿಗೆ ಹಿಡಿಸಿದರೆ ನಮ್ಮಲ್ಲಿ ಹೆಚ್ಚಿನವರು ಹೇಳುವ ಮಾತು ಒಂದೇ: ಇಲ್ಲಿ ಏನನ್ನೂ ಸೇರಿಸಿಲ್ಲ, ಇದ್ದದ್ದನ್ನು ಇದ್ದ ಹಾಗೆ ತೋರಿಸಿದ್ದಾರೆ. ವಿವರಣೆ ಕೊಡುವ ಧ್ವನಿಯಿಲ್ಲ, ಸಂದರ್ಶನವಿಲ್ಲ, ಕಣ್ಣೀರು ಬರಿಸುವ ಸಂಗೀತವಿಲ್ಲ. ಕ್ಯಾಮೆರಾ ಒಂದು ಕಡೆ ನಿಂತು ನೋಡುತ್ತದೆ, ಹಳ್ಳಿ ತನ್ನ ಪಾಡಿಗೆ ತಾನು ನಡೆಯುತ್ತದೆ. ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ, ವೃತ್ತಿನಟರಲ್ಲದ ಊರಿನವರನ್ನೇ ಇಟ್ಟುಕೊಂಡು ರಾಮ್ ರೆಡ್ಡಿ ಮಾಡಿದ ‘ತಿಥಿ’ 2016ರಲ್ಲಿ ಬಿಡುಗಡೆಯಾದಾಗ ಈ ಹೊಗಳಿಕೆ ಎಲ್ಲೆಡೆ ಕೇಳಿಬಂತು. ಆಮೇಲೆ ನಟೇಶ್ ಹೆಗಡೆಯವರ ‘ಪೆದ್ರೊ’, ಜೈಶಂಕರ್ ಆರ್ಯರ್ ಅವರ ‘ಶಿವಮ್ಮ’ ಬಂದಾಗಲೂ ಇದೇ ಮಾತು ಮರುಕಳಿಸಿತು. ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರದ ಕಡೆ ತಮ್ಮೂರಿನ ಬಗ್ಗೆ ಚಿತ್ರ ಮಾಡಬೇಕೆನ್ನುವ ಎಳೆಯರಿಗೂ ನಾವು ಕೊಡುವ ಸಲಹೆ ಇದೇ: ಏನೂ ಹೇಳಬೇಡಿ, ಸುಮ್ಮನೆ ನೋಡಿ, ಸತ್ಯ ತಾನಾಗಿ ಕಾಣುತ್ತದೆ. ಈ ಸಲಹೆಯಲ್ಲಿ ಒಳ್ಳೆಯ ಅಂಶವೂ ಇದೆ, ದೊಡ್ಡ ಗೊಂದಲವೂ ಇದೆ. ಎರಡನ್ನೂ ಬೇರ್ಪಡಿಸದೆ ಹೋದರೆ ಚಿತ್ರಕ್ಕೂ ನಷ್ಟ, ಚಿತ್ರದೊಳಗಿನ ಜನಕ್ಕೂ ನಷ್ಟ.

ಮೊದಲು ಆ ನಂಬಿಕೆಗೆ ಸಲ್ಲಬೇಕಾದದ್ದನ್ನು ಸಲ್ಲಿಸಬೇಕು. ಅದು ಸುಮ್ಮನೆ ಹುಟ್ಟಿದ್ದಲ್ಲ. 1948ರಲ್ಲಿ ಶುರುವಾದ ಸರ್ಕಾರಿ ಸಂಸ್ಥೆ ಫಿಲ್ಮ್ಸ್ ಡಿವಿಷನ್‌ನ ಕಿರುಚಿತ್ರಗಳನ್ನು ದಶಕಗಳ ಕಾಲ ದೇಶದ ಚಿತ್ರಮಂದಿರಗಳಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ಕಡ್ಡಾಯವಾಗಿ ತೋರಿಸಬೇಕಿತ್ತು. ಅವುಗಳಲ್ಲಿ ರೈತ ಕಾಣುತ್ತಿದ್ದ, ಆದರೆ ಅವನ ಮಾತು ಕೇಳುತ್ತಿದ್ದದ್ದು ಅಪರೂಪ. ಅವನ ಕಷ್ಟವೇನು, ಅದಕ್ಕೆ ಸರ್ಕಾರ ಕಂಡುಕೊಂಡ ಪರಿಹಾರವೇನು, ಅವನು ಮುಂದೆ ಹೇಗೆ ನಡೆದುಕೊಳ್ಳಬೇಕು ಎಂಬುದನ್ನೆಲ್ಲ ಮುಖ ಕಾಣದ ಒಂದು ಗಂಭೀರ ಧ್ವನಿ ಹೇಳಿ ಮುಗಿಸುತ್ತಿತ್ತು. ವ್ಯಾಪಾರಿ ಸಿನಿಮಾದ ಹಳ್ಳಿಯಂತೂ ಒಬ್ಬ ಕ್ರೂರ ಗೌಡ, ಒಂದು ಜಾತ್ರೆ, ಒಂದು ಹೊಡೆದಾಟ ಇಷ್ಟರಲ್ಲಿ ಮುಗಿದುಹೋಗುತ್ತಿತ್ತು. ಇವೆರಡನ್ನೂ ಕಂಡು ಬೇಸತ್ತವರಿಗೆ ಮಾತಾಡದ ಕ್ಯಾಮೆರಾ ಬಿಡುಗಡೆಯ ಹಾಗೆ ಕಂಡದ್ದು ನ್ಯಾಯವೇ. ಎಸ್. ಸುಖದೇವ್ ಫಿಲ್ಮ್ಸ್ ಡಿವಿಷನ್‌ಗಾಗಿಯೇ ಮಾಡಿದ ‘ಇಂಡಿಯಾ 67’ರಲ್ಲಿ ವಿವರಣೆಯ ಧ್ವನಿಯನ್ನು ಕೈಬಿಟ್ಟದ್ದರ ಹಿಂದೆ ಇದ್ದದ್ದೂ ಇಂಥದೇ ಹಂಬಲ. ಅಮೆರಿಕದಲ್ಲಿ 1960ರ ಹೊತ್ತಿಗೆ ಹೆಗಲ ಮೇಲೆ ಹೊರಬಹುದಾದ ಕ್ಯಾಮೆರಾ ಬಂತು, ಅದರ ಜೊತೆಗೇ ಧ್ವನಿ ಮುದ್ರಿಸಿಕೊಳ್ಳುವ ಹಗುರವಾದ ಯಂತ್ರ ಬಂತು. ರಾಬರ್ಟ್ ಡ್ರೂ ಮತ್ತು ಅವರ ಸಂಗಡಿಗರು ‘ಪ್ರೈಮರಿ’ ಎಂಬ ಚಿತ್ರದಲ್ಲಿ ರಾಜಕಾರಣಿಗಳ ಬೆನ್ನ ಹಿಂದೆಯೇ ನಡೆದರು. ಜನ ತಮ್ಮ ಮಾತನ್ನು ತಾವೇ ಆಡಲಿ, ನೋಡುಗ ತನ್ನ ತೀರ್ಮಾನಕ್ಕೆ ತಾನೇ ಬರಲಿ ಎಂಬುದು ಆ ಪಂಥದ ನೈತಿಕ ನಿಲುವು. ಅದನ್ನು ಹಗುರವಾಗಿ ತಳ್ಳಿಹಾಕುವಂತಿಲ್ಲ.

ಈ ದಾರಿಯಲ್ಲಿ ಬಹುದೂರ ನಡೆದವರು ಫ್ರೆಡರಿಕ್ ವೈಸ್‌ಮನ್. ಕಾನೂನು ಓದಿ, ಕಾನೂನು ಪಾಠ ಹೇಳುತ್ತಿದ್ದವರು 1967ರ ‘ಟಿಟಿಕಟ್ ಫಾಲೀಸ್’ನಿಂದ ಆರಂಭಿಸಿ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಒಂದೇ ಬಗೆಯಲ್ಲಿ ಚಿತ್ರ ಮಾಡಿದರು. ವಿವರಣೆಯಿಲ್ಲ, ಸಂದರ್ಶನವಿಲ್ಲ, ಹೊರಗಿನಿಂದ ತಂದ ಸಂಗೀತವಿಲ್ಲ. ಅಮೆರಿಕದ ಹಳ್ಳಿ ಮತ್ತು ಸಣ್ಣ ಊರುಗಳನ್ನು ಅರಿಯಲು ಅವರ ಎರಡು ಚಿತ್ರಗಳು ಮುಖ್ಯ. ನಾಲ್ಕು ಗಂಟೆ ಮೀರುವ ‘ಬೆಲ್‌ಫಾಸ್ಟ್, ಮೇನ್’ (1999) ಕಡಲ ತೀರದ ಊರೊಂದರ ಮೀನಿನ ಕಾರ್ಖಾನೆ, ನ್ಯಾಯಾಲಯ, ಶಾಲೆ, ರೋಗಿಗಳ ಮನೆಗಳ ಒಳಗೆಲ್ಲ ಹೋಗುತ್ತದೆ. 2016ರ ಅಧ್ಯಕ್ಷೀಯ ಚುನಾವಣೆಯ ನಂತರ ಚಿತ್ರೀಕರಿಸಿದ ‘ಮನ್ರೋವಿಯ, ಇಂಡಿಯಾನ’ (2018) ಜೋಳದ ಹೊಲ, ಹಂದಿ ಸಾಕಣೆ, ಬಂದೂಕಿನ ಅಂಗಡಿ, ಚರ್ಚು, ಪಂಚಾಯಿತಿ ಸಭೆಗಳನ್ನು ಹಾದು ಒಂದು ಶವಸಂಸ್ಕಾರದಲ್ಲಿ ಮುಗಿಯುತ್ತದೆ. ‘ಸುಮ್ಮನೆ ನೋಡುವ ಕ್ಯಾಮೆರಾ’ ಎಂಬ ಆದರ್ಶಕ್ಕೆ ಇವಕ್ಕಿಂತ ಒಳ್ಳೆಯ ನಿದರ್ಶನ ಸಿಗುವುದು ಕಷ್ಟ. ಆದರೆ ವೈಸ್‌ಮನ್ ಆ ವರ್ಣನೆಯನ್ನು ಒಪ್ಪಲಿಲ್ಲ. ತಮ್ಮ ಚಿತ್ರಗಳನ್ನು ಅವರು ‘ವಾಸ್ತವದ ಕಥನ’ ಎಂಬ ಅರ್ಥ ಬರುವ ಹೆಸರಿನಿಂದ ಕರೆದರು. ಯಾರ ಹೆಸರಿನಲ್ಲಿ ನಾವು ಈ ನಂಬಿಕೆಯನ್ನು ಎತ್ತಿಹಿಡಿಯುತ್ತೇವೋ ಅವರೇ ಅದನ್ನು ನಿರಾಕರಿಸಿದ್ದಾರೆಂದರೆ ನಂಬಿಕೆಯನ್ನು ಬಿಚ್ಚಿ ನೋಡಬೇಕಾದ ಕಾಲ ಬಂದಿದೆ ಎಂದರ್ಥ.

ಬಿಚ್ಚಿದರೆ ಅದರೊಳಗೆ ಮೂರು ಬೇರೆ ಬೇರೆ ಹೇಳಿಕೆಗಳು ಒಂದಕ್ಕೊಂದು ಅಂಟಿಕೊಂಡಿರುವುದು ಕಾಣುತ್ತದೆ.

1. ವಿವರಣೆಯ ಧ್ವನಿ ಇಲ್ಲದಿದ್ದರೆ ಚಿತ್ರಕ್ಕೆ ಅಭಿಪ್ರಾಯವೂ ಇರುವುದಿಲ್ಲ.

2. ತಾಳ್ಮೆಯಿಂದ ಬಹಳ ಹೊತ್ತು ನೋಡಿದರೆ ಸತ್ಯ ಕಾಣುತ್ತದೆ.

3. ತೆರೆಯ ಮೇಲಿರುವವರು ನಿಜವಾದ ಹಳ್ಳಿಯವರಾದರೆ ತೆರೆಯ ಮೇಲಿನ ಬದುಕೂ ನಿಜ.

ಮೊದಲನೆಯದನ್ನು ಕೋಲಾರದ ಎಪಿಎಂಸಿ ಯಾರ್ಡಿನಲ್ಲಿ ಪರೀಕ್ಷಿಸಬಹುದು. ಟೊಮೆಟೊ ವಹಿವಾಟಿನಲ್ಲಿ ಅದು ದೇಶದ ಅತಿ ದೊಡ್ಡ ಮಾರುಕಟ್ಟೆಗಳಲ್ಲಿ ಒಂದು. ಹದಿನೈದು ಕೆ.ಜಿ. ಬಾಕ್ಸ್‌ಗಳ ಸಾಲು, ಬೆಲೆ ಕೂಗುತ್ತ ಸಾಗುವ ಹರಾಜುಗಾರ, ಅವನ ಸುತ್ತ ವ್ಯಾಪಾರಿಗಳು, ಸ್ವಲ್ಪ ದೂರದಲ್ಲಿ ರಾತ್ರಿಯೆಲ್ಲ ನಿದ್ದೆಗೆಟ್ಟು ಬಂದ ರೈತ. ಈ ಹರಾಜನ್ನು ಒಂದು ಮಾತೂ ಸೇರಿಸದೆ ಹತ್ತು ನಿಮಿಷ ತೋರಿಸಿದೆವು ಎಂದುಕೊಳ್ಳೋಣ. ಅದರ ಬೆನ್ನಿಗೇ, ದಿನಗೂಲಿಗೆ ಬಂದ ಹೆಂಗಸರು ತೋಟದಲ್ಲಿ ಬಾಗಿ ಹಣ್ಣು ಕೀಳುವ ದೃಶ್ಯ ಬಂದರೆ ಚಿತ್ರ ಕೂಲಿಯ ಬಗ್ಗೆ ಮಾತಾಡಿತು. ಉತ್ತರ ಭಾರತಕ್ಕೆ ಹೊರಟ ಲಾರಿಗಳ ಸಾಲು ಬಂದರೆ ಅದೇ ಹರಾಜು ಕೋಲಾರದ ರೈತನ ಸಾಹಸದ ಕಥೆಯಾಯಿತು. ಮಂಡಿ ಮಾಲೀಕರ ಮುಂದೆ ನಿಂತು ಮುಂದಿನ ಬೆಳೆಗೆ ಮುಂಗಡ ಕೇಳುವ ರೈತ ಬಂದರೆ, ಬೆಲೆ ಕೂಗುವವನಿಗೂ ಸಾಲ ಕೊಡುವವನಿಗೂ ಇರುವ ನಂಟು ಬಯಲಾಯಿತು. ಮೂರರಲ್ಲೂ ವಿವರಣೆಯಿಲ್ಲ, ಸುಳ್ಳಿಲ್ಲ, ನಟನೆಯಿಲ್ಲ. ಆದರೂ ಮೂರು ಚಿತ್ರಗಳು ಮೂರು ಬೇರೆ ವಾದಗಳನ್ನು ಹೂಡುತ್ತವೆ. ಒಂದು ಚಿತ್ರಕ್ಕೆ ನೂರು ಗಂಟೆಗೂ ಮೀರಿದ ದೃಶ್ಯ ಸಂಗ್ರಹಿಸಿ, ತಿಂಗಳುಗಟ್ಟಲೆ ಸಂಕಲನದ ಮೇಜಿನ ಮುಂದೆ ಕುಳಿತು, ಅದರಲ್ಲಿ ಕೆಲವೇ ಗಂಟೆಗಳಷ್ಟನ್ನು ಮಾತ್ರ ಉಳಿಸಿಕೊಳ್ಳುತ್ತಿದ್ದ ವೈಸ್‌ಮನ್ ಅವರಿಗೆ ಇದು ಚೆನ್ನಾಗಿ ಗೊತ್ತಿತ್ತು. ಧ್ವನಿಯನ್ನು ತೆಗೆದುಹಾಕಿದರೆ ಅಭಿಪ್ರಾಯ ಹೋಗುವುದಿಲ್ಲ. ಅದು ಯಾವ ದೃಶ್ಯದ ಪಕ್ಕ ಯಾವುದನ್ನು ಇಡುತ್ತೇವೆ ಎಂಬುದರೊಳಗೆ ಹೋಗಿ ಕೂರುತ್ತದೆ. ಧ್ವನಿಯಾಗಿದ್ದಾಗ ಅದನ್ನು ಗುರುತಿಸುವುದು ಸುಲಭವಿತ್ತು, ಈಗ ಕಷ್ಟ. ಆದ್ದರಿಂದ ಮೌನದ ಚಿತ್ರದ ಮುಂದೆ ನೋಡುಗ ಹೆಚ್ಚು ಎಚ್ಚರವಾಗಿರಬೇಕೇ ಹೊರತು ಮೈಮರೆಯಬಾರದು.

ಎರಡನೆಯ ಹೇಳಿಕೆ ಇನ್ನೂ ಆಕರ್ಷಕ, ಏಕೆಂದರೆ ತಾಳ್ಮೆ ನಿಜವಾಗಿಯೂ ಒಂದು ಗುಣ. ಆದರೆ ಎಷ್ಟು ಹೊತ್ತಿನ ತಾಳ್ಮೆ? 2023ರ ಜುಲೈನಲ್ಲಿ ಕೋಲಾರದ ಯಾರ್ಡಿಗೆ ಹೋದವರು ಒಂದು ಬಾಕ್ಸ್ ಎರಡು ಸಾವಿರ ರೂಪಾಯಿ ದಾಟಿದ್ದನ್ನೂ, ಟೊಮೆಟೊ ತೋಟಕ್ಕೆ ಕಾವಲು ಹಾಕಿದ್ದನ್ನೂ ಕಂಡರು. ಬೇರೆ ಸುಗ್ಗಿಗಳಲ್ಲಿ ಹೋದವರು ಕೀಳುವ ಕೂಲಿಯೂ ಹುಟ್ಟದ ಹಣ್ಣನ್ನು ರಸ್ತೆ ಬದಿಗೆ ಸುರಿದದ್ದನ್ನು ಕಂಡಿದ್ದಾರೆ. ಇಬ್ಬರೂ ತಿಂಗಳುಗಟ್ಟಲೆ ಕೂತು ಪ್ರಾಮಾಣಿಕವಾಗಿ ನೋಡಿದ್ದರೂ ಒಂದಕ್ಕೊಂದು ವಿರುದ್ಧವಾದ ಎರಡು ಚಿತ್ರಗಳು ಬರುತ್ತಿದ್ದವು. ಕೋಲಾರದ ಟೊಮೆಟೊ ಬೆಳೆಗಾರನ ಬದುಕಿನ ತಿರುಳು ಈ ಎರಡರಲ್ಲಿ ಯಾವುದೂ ಅಲ್ಲ, ಎರಡರ ನಡುವೆ ತೂಗಾಡುವ ಅನಿಶ್ಚಯವೇ ತಿರುಳು. ಅದು ಯಾವ ಒಂದು ದಿನದ ದೃಶ್ಯದಲ್ಲೂ ಸೆರೆಯಾಗುವುದಿಲ್ಲ.

ನೀರಿನ ವಿಷಯದಲ್ಲಿ ಇದು ಇನ್ನಷ್ಟು ಸ್ಪಷ್ಟ. ವರ್ಷವಿಡೀ ಹರಿಯುವ ಒಂದು ನದಿಯೂ ಇಲ್ಲದ ಈ ಜಿಲ್ಲೆ ಕೆರೆಗಳನ್ನು ನಂಬಿ ಬದುಕಿತ್ತು. ಆಮೇಲೆ ತೆರೆದ ಬಾವಿಗಳು ಬತ್ತಿ, ಕೊಳವೆಬಾವಿಗಳು ಸಾವಿರ ಅಡಿ ದಾಟಿ, ಆಳದ ನೀರಿನ ಜೊತೆ ಫ್ಲೋರೈಡ್ ಬಂತು. ಇದು ಎರಡು ತಲೆಮಾರುಗಳಲ್ಲಿ ನಡೆದ ಘಟನೆ, ಅದೂ ನೆಲದ ಕೆಳಗೆ. ಎಷ್ಟೇ ತಾಳ್ಮೆಯ ಕ್ಯಾಮೆರಾ ಆದರೂ ಅದಕ್ಕೆ ಕಾಣುವುದು ರಿಗ್ ಲಾರಿ, ಬಿಳಿ ಧೂಳು, ಕಾಯುತ್ತ ಕೂತ ಮನೆಯವರು ಮಾತ್ರ. 2018ರಿಂದ ಕೆ.ಸಿ. ವ್ಯಾಲಿ ಯೋಜನೆಯಲ್ಲಿ ಬೆಂಗಳೂರಿನ ಕೊಳಚೆ ನೀರು ಎರಡು ಹಂತ ಶುದ್ಧಗೊಂಡು ಕೊಳವೆಯಲ್ಲಿ ಬಂದು, ಲಕ್ಷ್ಮೀಸಾಗರ ಕೆರೆಯಿಂದ ಶುರುವಾಗಿ ಕೆರೆಯಿಂದ ಕೆರೆಗೆ ಹರಿಯತೊಡಗಿತು. ಆ ವರ್ಷವೇ ನೊರೆ ಕಾಣಿಸಿಕೊಂಡು, ವಿಷಯ ಹೈಕೋರ್ಟ್ ಮುಟ್ಟಿ, ಕೆಲಕಾಲ ತಡೆಯಾಜ್ಞೆಯೂ ಬಂದಿತ್ತು. ಮೂರನೆಯ ಹಂತದ ಶುದ್ಧೀಕರಣ ಬೇಕೆಂಬ ಬೇಡಿಕೆ ಇಂದಿಗೂ ಜೀವಂತವಾಗಿದೆ. ಹಲವು ವರ್ಷ ಒಣಗಿದ್ದ ಕೆರೆ ತುಂಬಿದಾಗ ಅದನ್ನು ಸುಮ್ಮನೆ ನೋಡುವ ಕ್ಯಾಮೆರಾಕ್ಕೆ ಹಕ್ಕಿಗಳು, ಏರಿಯ ಮೇಲೆ ನಿಂತ ಜನರ ಸಂತೋಷ, ಬಾವಿಗೆ ಮರಳಿದ ನೀರು ಕಾಣುತ್ತದೆ. ಆ ಸಂತೋಷ ನಿಜ. ಆದರೆ ಅದು ಯಾವ ನೀರು, ಎಲ್ಲಿಂದ ಬಂತು, ಎಷ್ಟು ಶುದ್ಧಿಯಾಗಿದೆ ಎಂಬುದು ನೀರಿನ ಮುಖದ ಮೇಲೆ ಬರೆದಿಲ್ಲ. ಅದನ್ನು ಯಾರಾದರೂ ಹೇಳಲೇಬೇಕು. ಹೇಳದಿರುವ ಚಿತ್ರ ತಟಸ್ಥವಾಗಿದೆ ಎನ್ನಲಾಗದು, ಅದು ಅರ್ಧ ಸತ್ಯದ ಪಕ್ಷ ವಹಿಸಿದೆ.

ಶ್ರೀನಿವಾಸಪುರದ ಮಾವು ಇದೇ ಪಾಠವನ್ನು ಮತ್ತೊಂದು ಬಗೆಯಲ್ಲಿ ಕಲಿಸುತ್ತದೆ. 2025ರ ಜೂನ್‌ನಲ್ಲಿ ತೋತಾಪುರಿ ಬೆಲೆ ಕುಸಿದು ಬೆಳೆಗಾರರು ಬೀದಿಗಿಳಿದರು. ಮಂಡಿಯ ಮುಂದೆ ಕ್ಯಾಮೆರಾ ಇಟ್ಟಿದ್ದರೆ ರಾಶಿ ಬಿದ್ದ ಹಣ್ಣು, ಕೊಳ್ಳುವವರಿಲ್ಲದ ಟ್ರ್ಯಾಕ್ಟರ್, ಸಿಟ್ಟು ಎಲ್ಲವೂ ಸಿಗುತ್ತಿತ್ತು. ಕಾರಣದ ಮುಖ್ಯ ಭಾಗವೊಂದು ಮಾತ್ರ ಸಿಗುತ್ತಿರಲಿಲ್ಲ. ಅದು ಗಡಿಯಾಚೆ ಚಿತ್ತೂರಿನಲ್ಲಿತ್ತು. ಅಲ್ಲಿನ ತಿರುಳು ಕಾರ್ಖಾನೆಗಳಿಗೆ ಹೊರರಾಜ್ಯದ ತೋತಾಪುರಿ ಬರಬಾರದೆಂದು ಆ ಜಿಲ್ಲಾಡಳಿತ ಹೊರಡಿಸಿದ ಆದೇಶದಲ್ಲಿತ್ತು. ಹಳ್ಳಿಯ ಬದುಕನ್ನು ಆಳುವ ಶಕ್ತಿಗಳು ಹಳ್ಳಿಯಲ್ಲೇ ವಾಸವಾಗಿರಬೇಕೆಂಬ ನಿಯಮವಿಲ್ಲ. ಹಳ್ಳಿಯೊಂದನ್ನೇ ಎಷ್ಟು ಹೊತ್ತು ನೋಡಿದರೂ ಅವು ಕಣ್ಣಿಗೆ ಬೀಳುವುದಿಲ್ಲ. ತಾಳ್ಮೆ ಸತ್ಯಕ್ಕೆ ಬೇಕು, ಆದರೆ ಅದೊಂದೇ ಸಾಲದು.

ಮೂರನೆಯ ಹೇಳಿಕೆ, ನಿಜವಾದ ಜನ ಇದ್ದರೆ ನಿಜವಾದ ಬದುಕು ಎಂಬುದು, ನಮ್ಮ ಊರುಗಳಲ್ಲಿ ಜಾತಿಯ ಎದುರು ಬಂದು ಮುಗ್ಗರಿಸುತ್ತದೆ. 2022ರ ಸೆಪ್ಟೆಂಬರ್‌ನಲ್ಲಿ ಮಾಲೂರು ತಾಲ್ಲೂಕಿನ ಉಳ್ಳೇರಹಳ್ಳಿಯಲ್ಲಿ ಜಾತ್ರೆಗೆಂದು ತಂದಿದ್ದ ದೇವರ ಕೋಲನ್ನು ದಲಿತ ಬಾಲಕನೊಬ್ಬ ಮುಟ್ಟಿದ. ಊರಿನ ಕೆಲವರು ಅವನ ಕುಟುಂಬಕ್ಕೆ 60 ಸಾವಿರ ರೂಪಾಯಿ ದಂಡ ಹಾಕಿದರು. ಆಮೇಲೆ ಪೊಲೀಸ್ ಪ್ರಕರಣವಾಗಿ ಅದು ದೇಶಕ್ಕೆಲ್ಲ ತಿಳಿಯಿತು. ಆ ಜಾತ್ರೆಗೆ ಒಬ್ಬ ಪ್ರಾಮಾಣಿಕ ನಿರ್ದೇಶಕ ಹೋಗಿದ್ದರೆಂದು ಊಹಿಸಿಕೊಳ್ಳಿ. ಮೆರವಣಿಗೆ, ತಮಟೆ, ಹೂವು, ಮಕ್ಕಳ ಸಂಭ್ರಮ ಎಲ್ಲವನ್ನೂ ಸಹನೆಯಿಂದ ಸೆರೆಹಿಡಿಯುತ್ತಿದ್ದರು. ತೆರೆಯ ಮೇಲೆ ಇರುವವರೆಲ್ಲ ನಿಜವಾದ ಹಳ್ಳಿಯವರೇ. ಆದರೆ ದಂಡ ತೀರ್ಮಾನವಾದ ಮಾತುಕತೆಗೆ ಕ್ಯಾಮೆರಾಕ್ಕೆ ಕರೆ ಬರುತ್ತಿರಲಿಲ್ಲ. ಯಾರು ದೇವರನ್ನು ಮುಟ್ಟಬಹುದು, ಯಾರು ದೂರ ನಿಲ್ಲಬೇಕು ಎಂಬ ನಿಯಮ ಎಲ್ಲರಿಗೂ ಗೊತ್ತಿದ್ದು, ಯಾರೂ ಅದನ್ನು ಬಾಯಿಬಿಟ್ಟು ಹೇಳದೆ, ಎಲ್ಲರೂ ಅದರಂತೆ ನಡೆದುಕೊಂಡಾಗ ಜಾತ್ರೆ ಸಾಮರಸ್ಯದ ಚಿತ್ರದಂತೆಯೇ ಕಾಣುತ್ತದೆ. ನಿಯಮ ಮುರಿದಾಗ ಮಾತ್ರ ಅದರ ಅಸ್ತಿತ್ವ ಗೋಚರಿಸುತ್ತದೆ. ಇನ್ನೂ ಒಂದು ವಿಷಯವಿದೆ. ಚಿತ್ರತಂಡ ಊರಿಗೆ ಬಂದಾಗ ಮೊದಲು ಯಾರನ್ನು ಕಂಡು ಮಾತಾಡಿತು, ಯಾರ ಮನೆಯಲ್ಲಿ ಉಂಡಿತು, ಯಾವ ಬೀದಿಯಿಂದ ಚಿತ್ರೀಕರಣ ಆರಂಭಿಸಿತು ಎಂಬುದರ ಮೇಲೆಯೇ ಯಾವ ‘ನಿಜ’ ಅದರ ಮುಂದೆ ತೆರೆದುಕೊಳ್ಳುತ್ತದೆ ಎಂಬುದು ಬಹುಮಟ್ಟಿಗೆ ನಿರ್ಧಾರವಾಗಿರುತ್ತದೆ. ಊರಿನ ಯಜಮಾನರ ಜಗಲಿಯಿಂದ ನೋಡಿದ ಹಳ್ಳಿಯೂ ಕಾಲೊನಿಯ ಅಂಗಳದಿಂದ ನೋಡಿದ ಹಳ್ಳಿಯೂ ಒಂದೇ ಅಲ್ಲ.

ಇದೇ ಬೆಳಕಿನಲ್ಲಿ ‘ತಿಥಿ’ಯನ್ನು ಮತ್ತೆ ನೋಡಬೇಕು. ಅದು ಸಾಕ್ಷ್ಯಚಿತ್ರವಲ್ಲ, ಕಥಾಚಿತ್ರ. ರಾಮ್ ರೆಡ್ಡಿ ಮತ್ತು ಆ ಊರಿನವರೇ ಆದ ಈರೇಗೌಡ ಸೇರಿ ಬರೆದ ಕಥೆ. ಅದರ ಬಲ ಮುದುಕರ ಮುಖದ ಸುಕ್ಕಿನಲ್ಲಿದೆ ಎಂದು ನಾವು ಬಗೆದದ್ದು ತಪ್ಪು ಓದು. ಅಲ್ಲಿ ಕಥೆಯನ್ನು ಓಡಿಸುವುದು ಜಮೀನು: ಮಗನೊಬ್ಬ, ಬದುಕಿರುವ ತನ್ನ ತಂದೆ ಸತ್ತಿದ್ದಾನೆಂದು ಕಾಗದ ಮಾಡಿಸಿ ಜಮೀನು ಮಾರಲು ಹೊರಡುತ್ತಾನೆ. ಆಸ್ತಿ, ದಾಖಲೆ, ಸಾಲ, ತಿಥಿಯ ಖರ್ಚು ಇವು ಒಂದು ಕುಟುಂಬವನ್ನು ಹೇಗೆ ಹಿಂಡುತ್ತವೆ ಎಂಬುದು ಆ ಕಟ್ಟುಕಥೆಯಿಂದ ಗೋಚರವಾಯಿತು. ‘ಶಿವಮ್ಮ’ದಲ್ಲೂ ಹಾಗೆಯೇ. ಶಾಲೆಯಲ್ಲಿ ಬಿಸಿಯೂಟ ಬೇಯಿಸುವ ಹೆಂಗಸೊಬ್ಬಳು ಸರಪಳಿ ಮಾರಾಟದ ವ್ಯಾಪಾರಕ್ಕೆ ಮನೆಯ ದುಡ್ಡು ಹಾಕುವ ಕಥೆ, ಬಡತನದಲ್ಲಿ ಆಸೆ ಹೇಗೆ ಕೆಲಸ ಮಾಡುತ್ತದೆ ಎಂಬುದನ್ನು ಕಾಣಿಸುತ್ತದೆ. ಈ ಚಿತ್ರಗಳು ನಿಜವೆನಿಸುವುದು ಅವು ಏನನ್ನೂ ಸೇರಿಸದ್ದರಿಂದ ಅಲ್ಲ. ಸರಿಯಾದದ್ದನ್ನು, ಯೋಚಿಸಿ ಸೇರಿಸಿದ್ದರಿಂದ. ‘ಇದ್ದ ಹಾಗೆ ತೋರಿಸಿದ್ದಾರೆ’ ಎನ್ನುವಾಗ ನಾವು ಈ ನಿರ್ದೇಶಕರ ಬುದ್ಧಿಯನ್ನೂ ಶ್ರಮವನ್ನೂ ಕಡೆಗಣಿಸುತ್ತಿದ್ದೇವೆ, ನಟಿಸಿದ ಹಳ್ಳಿಗರ ಕಲೆಯನ್ನೂ ಸಹ. ಅವರು ಸುಮ್ಮನೆ ಇದ್ದವರಲ್ಲ, ಪಾತ್ರ ವಹಿಸಿದವರು.

ಇಲ್ಲಿಗೆ ಬಂದವರು ಇನ್ನೊಂದು ತುದಿಗೆ ಜಾರುವ ಅಪಾಯವಿದೆ. ಎಲ್ಲ ಚಿತ್ರವೂ ಕಟ್ಟಿದ್ದೇ ಆದರೆ, ಸಾಕ್ಷ್ಯಚಿತ್ರಕ್ಕೂ ಕಥೆಗೂ, ನಿಜಕ್ಕೂ ಪ್ರಚಾರಕ್ಕೂ ವ್ಯತ್ಯಾಸವೇ ಇಲ್ಲವಲ್ಲ ಎಂದು ಕೆಲವರು ಕೇಳುತ್ತಾರೆ. ಇದು ಮೊದಲಿನ ತಪ್ಪಿಗಿಂತ ಕೆಟ್ಟ ತಪ್ಪು. ಆರಿಸುವುದಕ್ಕೂ ಸೃಷ್ಟಿಸುವುದಕ್ಕೂ ನಡುವೆ ಗೆರೆಯಿದೆ. ನ್ಯಾಯಾಲಯದಲ್ಲಿ ಸಾಕ್ಷಿಯನ್ನು ಕರೆತರುವುದು ಒಂದು ಪಕ್ಷದ ವಕೀಲರೇ, ಯಾವ ಪ್ರಶ್ನೆ ಮೊದಲು ಕೇಳಬೇಕೆಂದು ನಿರ್ಧರಿಸುವುದೂ ಅವರೇ. ಹಾಗೆಂದು ಸಾಕ್ಷಿಯ ಮಾತಿಗೆ ಬೆಲೆಯಿಲ್ಲವೆನ್ನಲಾಗದು, ಏಕೆಂದರೆ ಎದುರು ಪಕ್ಷ ಪಾಟೀಸವಾಲು ಹಾಕಬಹುದು, ಸಾಕ್ಷಿಯ ಬಾಯಿಂದ ಕರೆತಂದವರಿಗೆ ಬೇಡವಾದ ಮಾತೂ ಬರಬಹುದು. ಗಮನಿಸುವ ಚಿತ್ರದ ಬೆಲೆ ಇರುವುದೂ ಇಲ್ಲೇ. ವಿವರಣೆಯ ಧ್ವನಿ ನನಗೆ ತೀರ್ಮಾನವನ್ನು ಮಾತ್ರ ಕೊಡುತ್ತದೆ. ಮುರಿಯದೆ ತೋರಿಸಿದ ಒಂದು ದೀರ್ಘ ದೃಶ್ಯ ತೀರ್ಮಾನದ ಜೊತೆಗೆ ಅದರ ಆಧಾರವನ್ನೂ ನನ್ನ ಮುಂದಿಡುತ್ತದೆ. ನಿರ್ದೇಶಕರು ಗಮನಿಸದ್ದನ್ನು ನಾನು ಅದರಲ್ಲಿ ಗಮನಿಸಬಹುದು, ಅವರ ತೀರ್ಮಾನವನ್ನು ಅವರದೇ ದೃಶ್ಯದಿಂದ ಪ್ರಶ್ನಿಸಬಹುದು. ಮನೆಯಲ್ಲಿ ತೆಲುಗು ಮಾತಾಡುವ ಮುಳಬಾಗಿಲಿನ ರೈತ ತಾಲ್ಲೂಕು ಕಚೇರಿಯ ಮೆಟ್ಟಿಲು ಹತ್ತುತ್ತಲೇ ಕನ್ನಡಕ್ಕೆ ಹೊರಳುವುದು, ಆ ಹೊರಳಿನಲ್ಲಿ ಅವನ ಬೆನ್ನು ಬಾಗುವುದು, ದನಿ ಇಳಿಯುವುದು ಯಾವ ವಿವರಣೆಗೂ ಸಿಗದ ಸತ್ಯ. ಅದು ಗಮನಿಸುವ ಕ್ಯಾಮೆರಾಕ್ಕೆ ಮಾತ್ರ ಸಿಗುತ್ತದೆ. ಆದ್ದರಿಂದ ನನ್ನ ವಾದ ಗಮನಿಸುವುದರ ವಿರುದ್ಧವಲ್ಲ. ಗಮನಿಸುವುದನ್ನು ಮೌನವೆಂದೂ ಮೌನವನ್ನು ಸತ್ಯವೆಂದೂ ಬಗೆಯುವುದರ ವಿರುದ್ಧ.

ಹಾಗಾದರೆ ಹಳ್ಳಿಯನ್ನು ಆಳುವ ಸಾಲ, ನೀರು, ಬೆಲೆ, ಜಾತಿ ಕಣ್ಣಿಗೆ ಕಾಣದವಾದರೆ ಕ್ಯಾಮೆರಾ ಏನು ಮಾಡಬೇಕು? ನನ್ನ ಉತ್ತರ ಇದು: ಕಾಣದ ಶಕ್ತಿಗಳು ಕಾಣಿಸಿಕೊಳ್ಳುವ ಜಾಗಗಳಿವೆ. ತೀರ್ಮಾನಗಳು ಆಗುವ ಜಾಗಗಳವು. ಅಲ್ಲಿ ಹೋಗಿ ನಿಲ್ಲಬೇಕು. ನಾವು ವೈಸ್‌ಮನ್ ಅವರಿಂದ ಮೌನವನ್ನು ಕಲಿತೆವು, ಅವರು ಎಲ್ಲಿ ನಿಂತರು ಎಂಬುದನ್ನು ಕಲಿಯಲಿಲ್ಲ. ಮನ್ರೋವಿಯದಲ್ಲಿ ಅವರು ಜೋಳದ ಹೊಲಗಳ ಅಂದವನ್ನು ತೋರಿಸುವುದರ ಜೊತೆಗೆ, ಹೊಸ ಬಡಾವಣೆ ಬೇಕೇ ಬೇಡವೇ, ಬೆಂಕಿ ನಂದಿಸುವ ನೀರಿನ ಕೊಳಾಯಿ ಸರಿಯಾಗಿದೆಯೇ ಎಂಬ ಪಂಚಾಯಿತಿ ಚರ್ಚೆಗಳ ಮುಂದೆ ಬಹಳ ಹೊತ್ತು ಕೂರುತ್ತಾರೆ. ಹೊರಗಿನವರು ಊರಿಗೆ ಬರುವ ಬಗ್ಗೆ ಆ ಜನರಿಗಿರುವ ಅಳುಕು ಆ ಚರ್ಚೆಗಳಲ್ಲಿ ಹೊರಬೀಳುತ್ತದೆ. ಚಿತ್ರದಲ್ಲಿ ರಾಜಕೀಯವೇ ಇಲ್ಲವೆಂದು ದೂರಿದವರು ಆ ಸಭೆಗಳನ್ನು ಸರಿಯಾಗಿ ಕೇಳಿಸಿಕೊಂಡಿಲ್ಲ. ನಮ್ಮಲ್ಲಿ ಹಳ್ಳಿಯ ಚಿತ್ರವೆಂದರೆ ಮುಖ, ಹೊಲ, ಒಲೆ, ಹಸು. ಗ್ರಾಮಸಭೆಯಿಲ್ಲ, ಸೊಸೈಟಿಯ ಸಾಲದ ಪುಸ್ತಕವಿಲ್ಲ, ಸರ್ವೆಯವರ ಸರಪಳಿಯಿಲ್ಲ, ನ್ಯಾಯಬೆಲೆ ಅಂಗಡಿಯ ಬೆರಳಚ್ಚು ಯಂತ್ರವಿಲ್ಲ. ಬೆಳಗಿನ ಜಾವ ಹಾಲಿನ ಡೇರಿಯ ಮುಂದೆ ಕ್ಯಾನು ಹಿಡಿದ ಹೆಂಗಸರ ಸಾಲು, ಜಿಡ್ಡಿನ ಅಂಶ ಅಳೆದು ಯಂತ್ರ ತೋರಿಸುವ ಅಂಕಿ, ಆ ಅಂಕಿಯಿಂದ ತೀರ್ಮಾನವಾಗುವ ದರ, ಹಣ ಯಾರ ಹೆಸರಿನ ಖಾತೆಗೆ ಹೋಗುತ್ತದೆ ಎಂಬ ಮಾತು: ಕೋಲಾರದ ಮನೆಗಳ ಅರ್ಥಶಾಸ್ತ್ರವೂ ಗಂಡಹೆಂಡಿರ ಸಂಬಂಧವೂ ಆ ಅರ್ಧ ಗಂಟೆಯಲ್ಲಿ ಕಾಣುತ್ತದೆ. ಶ್ರೀನಿವಾಸಪುರದಲ್ಲಿ ಮಾವಿನ ಹೂವಿಗಿಂತ, ಮರದಲ್ಲಿರುವ ಫಸಲಿಗೆ ವ್ಯಾಪಾರಿ ಬೆಲೆ ಕಟ್ಟುವ ಮಾತುಕತೆ ಹೆಚ್ಚು ಹೇಳುತ್ತದೆ. ಮಾಲೂರಿನ ಇಟ್ಟಿಗೆ ಗೂಡಿನಲ್ಲಿ ಬೆಂಕಿಯ ಬಣ್ಣಕ್ಕಿಂತ, ವಾರದ ಲೆಕ್ಕ ಚುಕ್ತಾ ಮಾಡುವ ಗಳಿಗೆ ಹೆಚ್ಚು ಹೇಳುತ್ತದೆ.

ಇದಕ್ಕೆ ಮೂರು ಆಕ್ಷೇಪಗಳು ಬರಬಹುದು. ಮೂರೂ ಗಟ್ಟಿಯಾದವೇ.

ಒಂದು, ತೀರ್ಮಾನದ ಜಾಗಗಳಿಗೆ ಕ್ಯಾಮೆರಾವನ್ನು ಬಿಡುವುದಿಲ್ಲ. ಉಳ್ಳೇರಹಳ್ಳಿಯ ಉದಾಹರಣೆ ನನ್ನ ವಾದದ ವಿರುದ್ಧವೇ ಸಾಕ್ಷಿ ಹೇಳುತ್ತದಲ್ಲ? ಹೌದು, ಹೇಳುತ್ತದೆ. ಅಲ್ಲಿ ಗಮನಿಸುವ ಪದ್ಧತಿಯ ಮಿತಿ ಮುಗಿಯುತ್ತದೆ, ಮಾತು ಬೇಕಾಗುತ್ತದೆ. ಈ ಕೋಣೆಗೆ ನಮ್ಮನ್ನು ಬಿಡಲಿಲ್ಲ ಎಂದು ಚಿತ್ರ ಹೇಳಬೇಕು, ದಂಡ ತೆತ್ತವರ ಬಾಯಿಂದ ನಡೆದದ್ದನ್ನು ಕೇಳಬೇಕು. ಪದ್ಧತಿಯ ಶುದ್ಧಿಯನ್ನು ಕಾಪಾಡಲು ಬಾಧಿತರ ಸಾಕ್ಷ್ಯವನ್ನು ಬಿಟ್ಟುಕೊಡುವುದು ಯಾವ ನೀತಿಯಲ್ಲೂ ಸರಿಯಲ್ಲ.

ಎರಡು, ಮಾತಿಗೆ ಬಾಗಿಲು ತೆರೆದರೆ ಫಿಲ್ಮ್ಸ್ ಡಿವಿಷನ್‌ನ ಉಪದೇಶ ಮತ್ತೆ ಒಳಗೆ ಬರುತ್ತದೆ. ಈ ಭಯವೂ ನಿರಾಧಾರವಲ್ಲ. ಆದರೆ ಸಂಗತಿಯನ್ನು ತಿಳಿಸುವುದು ಬೇರೆ, ತೀರ್ಪು ಕೊಡುವುದು ಬೇರೆ. ಈ ಕೆರೆಯ ನೀರು ಬೆಂಗಳೂರಿನಿಂದ ಎರಡು ಹಂತ ಶುದ್ಧಗೊಂಡು ಬಂದದ್ದು ಎಂದು ತೆರೆಯ ಮೇಲೆ ಒಂದು ಸಾಲು ಬರೆದರೆ ಅದು ಉಪದೇಶವಲ್ಲ. ಆ ಸಾಲಿಲ್ಲದೆ ನೋಡುಗ ತನ್ನ ತೀರ್ಮಾನಕ್ಕೆ ತಾನೇ ಬರಲಾರ. ನೋಡುಗನ ಸ್ವಾತಂತ್ರ್ಯದ ಹೆಸರಿನಲ್ಲಿ ಅವನಿಗೆ ಬೇಕಾದ ಸಂಗತಿಯನ್ನೇ ತಡೆಹಿಡಿಯುವುದು ಆ ಸ್ವಾತಂತ್ರ್ಯಕ್ಕೆ ಬಗೆವ ದ್ರೋಹ.

ಮೂರು, ಇದೆಲ್ಲ ಹೊರಗಿನಿಂದ ಬಂದವರ ತೊಡಕು, ಊರಿನವರೇ ಕ್ಯಾಮೆರಾ ಹಿಡಿದರೆ ಸಮಸ್ಯೆಯೇ ಇರುವುದಿಲ್ಲ. ಊರಿನವರು ಕ್ಯಾಮೆರಾ ಹಿಡಿಯಬೇಕೆಂಬುದರಲ್ಲಿ ನನಗೆ ಎರಡು ಮಾತಿಲ್ಲ. ‘ತಿಥಿ’ಗೆ ಈರೇಗೌಡರಂಥವರು ಇಲ್ಲದಿದ್ದರೆ ಅದು ಆಗುತ್ತಲೇ ಇರಲಿಲ್ಲ. ಆದರೆ ಊರು ಒಂದೇ ಅಲ್ಲವಲ್ಲ. ಊರಿನವನಾಗಿರುವುದೆಂದರೆ ಊರಿನ ಯಾವುದೋ ಒಂದು ಬೀದಿಯವನಾಗಿರುವುದು. ತನ್ನ ಮನೆಯ ಸವಲತ್ತು ತನಗೆ ಕಾಣದಿರುವುದು ಹೊರಗಿನವನ ಅಜ್ಞಾನದಷ್ಟೇ ದೊಡ್ಡ ಕುರುಡು. ಹುಟ್ಟಿಗಿಂತ ಮುಖ್ಯವಾದದ್ದು ಉತ್ತರದಾಯಿತ್ವ. ಫ್ರಾನ್ಸಿನ ಜ್ಯಾನ್ ರೂಶ್ ಆಫ್ರಿಕದಲ್ಲಿ ತೆಗೆದ ಚಿತ್ರಗಳನ್ನು ಅವುಗಳಲ್ಲಿದ್ದವರ ಮುಂದೆಯೇ ಇಟ್ಟು ಅವರ ಟೀಕೆ ಕೇಳುವ ರೂಢಿ ಬೆಳೆಸಿದರು. ಭಾರತದಲ್ಲೂ ಚಿತ್ರ ಮಾಡಿದ ಡೇವಿಡ್ ಮ್ಯಾಕ್‌ಡೂಗಲ್ 1975ರಷ್ಟು ಹಿಂದೆಯೇ, ಕಾಣದಂತೆ ನಿಂತು ಗಮನಿಸುವುದನ್ನು ದಾಟಿ ಮುಂದೆ ಹೋಗಬೇಕೆಂದು, ಚಿತ್ರ ಮಾಡುವವನಿಗೂ ಚಿತ್ರದಲ್ಲಿರುವವನಿಗೂ ಆಗುವ ಭೇಟಿಯನ್ನೇ ಚಿತ್ರ ಒಪ್ಪಿಕೊಳ್ಳಬೇಕೆಂದು ವಾದಿಸಿದರು. ಕೋಲಾರಕ್ಕೆ ಇದು ಹೊಸದಾಗಬೇಕಿಲ್ಲ. ತೇರಹಳ್ಳಿ ಬೆಟ್ಟದ ಆದಿಮ ಸಾಂಸ್ಕೃತಿಕ ಕೇಂದ್ರದಲ್ಲಿ ಹುಣ್ಣಿಮೆಯ ರಾತ್ರಿ ಊರೂರಿನ ಜನ ಸೇರಿ ಹಾಡು, ನಾಟಕ ನೋಡುವ ಸಂಪ್ರದಾಯವನ್ನು ಕೋಟಿಗಾನಹಳ್ಳಿ ರಾಮಯ್ಯನವರೂ ಅವರ ಗೆಳೆಯರೂ ಕಟ್ಟಿದ್ದಾರೆ. ಕೋಲಾರದ ಬಗ್ಗೆ ತೆಗೆದ ಚಿತ್ರ ಹೊರದೇಶದ ಉತ್ಸವಕ್ಕೆ ಹೋಗುವ ಮೊದಲು ಅಂಥ ಸಭೆಯ ಮುಂದೆ ನಿಲ್ಲಲಿ.

ಮಾಲೂರು ತಾಲ್ಲೂಕಿನ ಮಾಸ್ತಿ ವೆಂಕಟೇಶ ಅಯ್ಯಂಗಾರ್ ಅವರನ್ನೂ ಇಲ್ಲಿ ನೆನೆಯಬೇಕು. ಅವರ ಸಣ್ಣಕಥೆಗಳಲ್ಲಿ ಕಥೆ ಹೇಳುವವರು ಸಾಮಾನ್ಯವಾಗಿ ತಾವು ಅದನ್ನು ಯಾರಿಂದ ಕೇಳಿದೆವು, ಎಲ್ಲಿ ಕೇಳಿದೆವು ಎಂಬುದನ್ನು ಮೊದಲೇ ಹೇಳಿಬಿಡುತ್ತಾರೆ. ತಮ್ಮನ್ನು ಮರೆಮಾಚಿಕೊಳ್ಳುವುದಿಲ್ಲ, ತಮ್ಮನ್ನು ಮೆರೆಸಿಕೊಳ್ಳುವುದೂ ಇಲ್ಲ. ಕೇಳುವವನಿಗೆ ಮಾತಿನ ಮೂಲ ತಿಳಿದಿರುವುದರಿಂದ ಅದಕ್ಕೆ ಎಷ್ಟು ಬೆಲೆ ಕೊಡಬೇಕೆಂಬುದನ್ನು ಅವನೇ ನಿರ್ಧರಿಸಬಹುದು. ಹಳ್ಳಿಯ ಚಿತ್ರ ಮಾಡುವವರಿಗೆ ಬೇಕಾದ ಪ್ರಾಮಾಣಿಕತೆ ಇದೇ ಜಾತಿಯದು, ಅದಕ್ಕೆ ಮಾದರಿ ನಮ್ಮ ಮಣ್ಣಿನಲ್ಲೇ ಇದೆ.

ಇಷ್ಟೆಲ್ಲ ಹೇಳಿದ ಮೇಲೆ, ಹಳ್ಳಿಯ ಚಿತ್ರವೊಂದನ್ನು ಅಳೆಯಲು ‘ಏನಾದರೂ ಸೇರಿಸಿದ್ದಾರೆಯೇ’ ಎಂಬ ಪ್ರಶ್ನೆಯ ಬದಲು ಈ ನಾಲ್ಕು ಪ್ರಶ್ನೆಗಳನ್ನು ಕೇಳಬಹುದು.

1. ಕ್ಯಾಮೆರಾ ಎಲ್ಲಿ ನಿಂತಿದೆ, ಕಷ್ಟಪಡುವವರ ಮುಖದ ಮುಂದೆ ಮಾತ್ರವೋ, ಕಷ್ಟ ತೀರ್ಮಾನವಾಗುವ ಜಾಗದಲ್ಲೂ ಇದೆಯೋ?

2. ಯಾರ ಅನುಮತಿಯಿಂದ, ಯಾವ ಬೀದಿಯಿಂದ ನೋಡಿದ್ದು ಎಂಬುದು ಚಿತ್ರದಿಂದ ತಿಳಿಯುತ್ತದೆಯೋ?

3. ದೃಶ್ಯದಲ್ಲಿ ಕಾಣಲಾರದ, ಆದರೆ ದೃಶ್ಯವನ್ನು ಅರಿಯಲು ಬೇಕೇ ಬೇಕಾದ ಸಂಗತಿಯನ್ನು ನೋಡುಗನಿಗೆ ಕೊಟ್ಟಿದ್ದಾರೆಯೋ?

4. ನಿರ್ದೇಶಕರ ತೀರ್ಮಾನವನ್ನು ಅವರದೇ ದೃಶ್ಯಗಳಿಂದ ಪ್ರಶ್ನಿಸುವಷ್ಟು ಆಧಾರವನ್ನು ಚಿತ್ರದಲ್ಲಿ ಉಳಿಸಿದ್ದಾರೆಯೋ?

ಈ ಪ್ರಶ್ನೆಗಳು ಸಿನಿಮಾದ ರುಚಿಗಷ್ಟೇ ಸಂಬಂಧಿಸಿದವಲ್ಲ. ಬೆಂಗಳೂರಿನಿಂದ ಕೋಲಾರಕ್ಕೆ ಎರಡು ಗಂಟೆಯ ದಾರಿ. ಬೆಳಿಗ್ಗೆ ಬಂದು ಸಂಜೆ ಮರಳುವವರು ಕೊಂಡೊಯ್ಯುವ ಚಿತ್ರಗಳಲ್ಲಿ ಈ ಜಿಲ್ಲೆ ಎಂದಿನಿಂದಲೂ ಎರಡೇ ವೇಷದಲ್ಲಿ ಕಾಣಿಸಿದೆ: ಬರದಿಂದ ಬಿರುಕುಬಿಟ್ಟ ನೆಲ, ಇಲ್ಲವೇ ಚಿನ್ನದ ಗಣಿಯ ಪಾಳು. ಬಿರುಕುಬಿಟ್ಟ ನೆಲ ಕಂಡವರಿಗೆ ಮರುಕ ಹುಟ್ಟುತ್ತದೆ, ಮರುಕದಿಂದ ಹುಟ್ಟುವುದು ಹೆಚ್ಚೆಂದರೆ ಪರಿಹಾರದ ಹಣ. ನೀರನ್ನು ಯಾರು ಹಂಚುತ್ತಾರೆ, ಬೆಲೆಯನ್ನು ಯಾರು ಕೂಗುತ್ತಾರೆ, ದಂಡವನ್ನು ಯಾರು ಹಾಕುತ್ತಾರೆ ಎಂಬುದನ್ನು ಕಂಡವರಿಗೆ ಪ್ರಶ್ನೆ ಹುಟ್ಟುತ್ತದೆ, ಪ್ರಶ್ನೆಗೆ ಅಧಿಕಾರದಲ್ಲಿರುವ ಯಾರೋ ಒಬ್ಬರು ಉತ್ತರ ಕೊಡಬೇಕಾಗುತ್ತದೆ. ಪ್ರಕೃತಿಯ ಶಾಪವೆಂದು ಕಾಣುವುದನ್ನು ಮನುಷ್ಯರು ತೆಗೆದುಕೊಂಡ ತೀರ್ಮಾನಗಳ ಫಲವೆಂದು ತೋರಿಸಿಕೊಡುವುದೇ ಹಳ್ಳಿಯ ಚಿತ್ರ ಮಾಡಬಲ್ಲ ಅತಿ ದೊಡ್ಡ ಕೆಲಸ. ತೀರ್ಮಾನಗಳನ್ನು ಬದಲಿಸಬಹುದು, ಶಾಪವನ್ನು ಬದಲಿಸಲಾಗದು. ನಮ್ಮ ಊರುಗಳ ಎಳೆಯರು ಕ್ಯಾಮೆರಾ ಹಿಡಿದು ಹೊರಟಾಗ ನಾವು ಅವರಿಗೆ ಮೌನದ ವ್ರತ ಬೋಧಿಸುವುದು ಬೇಡ. ಯೋಚಿಸಿ ನಿಲ್ಲಿ, ನಿಂತ ಜಾಗವನ್ನು ಹೇಳಿ, ನೋಡಿದ್ದಕ್ಕೆ ಹೊಣೆಯಾಗಿ ಎನ್ನೋಣ.